‘ಇದು ಸಿವಿಲ್ ಮ್ಯಾಟರು, ಕೋರ್ಟಿಗೆ ಹೋಗಿ’

ಕೋರ್ಟು ಕಚೇರಿಯ ಮಾತು ಬಂದಾಗಲೆಲ್ಲ ನಮ್ಮಲ್ಲಿ ಯಾರಾದರೊಬ್ಬರು ಆ ಗಾದೆಯನ್ನು ಹೇಳಿಯೇ ಹೇಳುತ್ತಾರೆ: ಗೆದ್ದವನು ಸೋತ, ಸೋತವನು ಸತ್ತ. ಹೇಳಿದವರ ಮುಖದಲ್ಲಿ ಲೋಕ ಕಂಡ ತೃಪ್ತಿ ಇರುತ್ತದೆ, ಕೇಳಿದವರು ತಲೆದೂಗುತ್ತಾರೆ. ನನಗೆ ಈ ಗಾದೆಯ ಮೇಲೆ ಸಿಟ್ಟಿದೆ. ಇದರ ಮೊದಲರ್ಧ ನಿಜ, ಇನ್ನರ್ಧ ಸುಳ್ಳು. ಜಮೀನಿನ ವ್ಯಾಜ್ಯದಲ್ಲಿ ಸೋತವನು ಸಾಯುವುದಿಲ್ಲ. ತೀರ್ಪು ಬಂದ ಮಾರನೆಯ ದಿನವೂ ಅವನು ಅದೇ ಹೊಲಕ್ಕೆ ಟ್ರ್ಯಾಕ್ಟರ್ ಇಳಿಸುತ್ತಾನೆ, ಅದೇ ತೋಟದ ಕಾಯಿ ಕೀಳಿಸುತ್ತಾನೆ, ಅದೇ ಮನೆಯ ಜಗುಲಿಯಲ್ಲಿ ಕೂತು ಗೆದ್ದವರು ಬೀದಿಯಲ್ಲಿ ಹಾದುಹೋಗುವುದನ್ನು ನೋಡುತ್ತಾನೆ. ಇಬ್ಬರನ್ನೂ ಒಂದೇ ತಕ್ಕಡಿಯಲ್ಲಿ ತೂಗಿ, ಇಬ್ಬರಿಗೂ ಒಂದಷ್ಟು ಅನುಕಂಪ ಹಂಚಿ, ‘ಅದಕ್ಕೇ ಕೋರ್ಟಿಗೆ ಹೋಗಬಾರದು’ ಎಂದು ಮುಗಿಸುವ ಈ ಜಾಣತನದಿಂದ ಲಾಭ ಯಾರಿಗೆ? ಕೈಯಲ್ಲಿ ಜಮೀನು ಇಟ್ಟುಕೊಂಡವನಿಗೆ. ಅವನಂತೂ ಕೋರ್ಟಿಗೆ ಹೋಗಬೇಕಾದ ಅಗತ್ಯವೇ ಇಲ್ಲ.

ಹೆಣ್ಣುಮಕ್ಕಳ ಪಾಲಿನ ದಾವೆಗಳ ಬಗ್ಗೆ ಪಿಎಚ್‌ಡಿ ಮಾಡುತ್ತಿರುವುದರಿಂದ ಎರಡು ವರ್ಷಗಳಿಂದ ಹಳೇ ಮೈಸೂರು ಸೀಮೆಯ ಒಂದು ತಾಲ್ಲೂಕು ನ್ಯಾಯಾಲಯದ ಪಡಸಾಲೆಯಲ್ಲಿ ಕೂರುವುದು ನನಗೆ ಅಭ್ಯಾಸವಾಗಿದೆ. ಅಲ್ಲಿ ಕೂತು ಕಡತ ಓದಿದಷ್ಟೂ, ಕಕ್ಷಿದಾರರ ಮಾತು ಕೇಳಿದಷ್ಟೂ ನನಗೆ ಖಚಿತವಾಗಿರುವುದು ಒಂದೇ: ನಮ್ಮಲ್ಲಿ ಆಸ್ತಿಯ ಪ್ರಶ್ನೆ ಇತ್ಯರ್ಥವಾಗುವುದು ನ್ಯಾಯಾಧೀಶರ ಪೀಠದ ಮುಂದಲ್ಲ, ಪೊಲೀಸ್ ಠಾಣೆಯ ಬಾಗಿಲಲ್ಲಿ. ಆ ಬಾಗಿಲಲ್ಲಿ ನಿಂತವರಿಗೆ ಸಿಗುವ ಉತ್ತರವೂ ಒಂದೇ. ‘ಇದು ಸಿವಿಲ್ ಮ್ಯಾಟರು, ಕೋರ್ಟಿಗೆ ಹೋಗಿ.’

ಈ ಮಾತಿನ ಕ್ರೌರ್ಯ ಅರ್ಥವಾಗಬೇಕಾದರೆ ಅದನ್ನು ಯಾರಿಗೆ ಹೇಳುತ್ತಿದ್ದಾರೆ ಎಂಬುದನ್ನು ನೋಡಬೇಕು. ಎದುರಿಗೆ ನಿಂತವಳು ಕೋರ್ಟಿನಿಂದಲೇ ಬಂದಿದ್ದಾಳೆ. ಕೈಯಲ್ಲಿ ಪ್ಲಾಸ್ಟಿಕ್ ಕವರು, ಕವರಿನೊಳಗೆ ಆದೇಶದ ದೃಢೀಕೃತ ನಕಲು, ನಕಲಿನ ಮೇಲೆ ಮೊಹರು. ‘ಕೋರ್ಟಿಂದಲೇ ಬಂದಿದೀನಿ ಸ್ವಾಮಿ’ ಎನ್ನುತ್ತಾಳೆ. ‘ಬಂದಿರಬೌದಮ್ಮ, ಇದರಲ್ಲಿ ಪೊಲೀಸರು ಅಂತ ಎಲ್ಲಿ ಬರೆದಿದೆ? ಪೊಲೀಸ್ ನೆರವು ಕೊಡಿ ಅಂತ ಬರೆಸ್ಕೊಂಡು ಬಾ’ ಎನ್ನುತ್ತಾರೆ. ತಡೆಯಾಜ್ಞೆ ಇದ್ದರೂ ಬೇಲಿ ಕಿತ್ತರು ಎಂದು ದೂರು ಬರೆದುಕೊಟ್ಟರೆ ಒಂದೆರಡು ದಿನ ಬಿಟ್ಟು ಹಿಂಬರಹ ಸಿಗುತ್ತದೆ: ವ್ಯಾಜ್ಯವು ಸಿವಿಲ್ ಸ್ವರೂಪದ್ದಾಗಿರುವುದರಿಂದ ನ್ಯಾಯಾಲಯದಲ್ಲಿ ಬಗೆಹರಿಸಿಕೊಳ್ಳುವುದು. ದೇವರು ವರ ಕೊಟ್ಟರೂ ಪೂಜಾರಿ ಕೊಡ ಎನ್ನುವುದು ಇನ್ನೊಂದು ಗಾದೆ. ಇಲ್ಲಿ ಪೂಜಾರಿ ‘ದೇವರನ್ನೇ ಕೇಳು’ ಎಂದು ವಾಪಸು ಕಳಿಸುತ್ತಾನೆ, ದೇವರು ‘ಪೂಜಾರಿಗೆ ಹೇಳು ಎಂದು ನನಗೊಂದು ಅರ್ಜಿ ಹಾಕು’ ಎನ್ನುತ್ತಾನೆ.

ಮೊದಲು ಈ ‘ಸಿವಿಲ್’ ಎಂಬ ಪದದ ಸುಳ್ಳನ್ನು ನೋಡೋಣ. ಸಿವಿಲ್ ಮತ್ತು ಕ್ರಿಮಿನಲ್ ಎಂಬುವು ನಡುವೆ ಬದು ಹಾಕಿಕೊಂಡಿರುವ ಎರಡು ಸರ್ವೆ ನಂಬರುಗಳಲ್ಲ. ಜಮೀನು ಯಾರದು ಎಂಬ ಪ್ರಶ್ನೆ ಸಿವಿಲ್ ಇರಬಹುದು. ಆದರೆ ಸ್ವಾಧೀನದಲ್ಲಿರುವವರನ್ನು ಬೆದರಿಸಲೆಂದು ಅವರ ಜಮೀನಿಗೆ ನುಗ್ಗುವುದು ಭಾರತೀಯ ನ್ಯಾಯ ಸಂಹಿತೆಯ ಪ್ರಕಾರ ಅಪರಾಧ, ಹಳೆಯ ದಂಡ ಸಂಹಿತೆಯಲ್ಲೂ ಅಪರಾಧವೇ ಆಗಿತ್ತು. ಬೇಲಿ ಕಿತ್ತು ನಷ್ಟ ಮಾಡುವುದು ಅಪರಾಧ, ಅಡ್ಡ ಬಂದವಳ ಕೈ ತಿರುಚುವುದು ಅಪರಾಧ. ದಲಿತರ ಜಮೀನಿನ ವಿಷಯದಲ್ಲಂತೂ ಅನುಮಾನಕ್ಕೆ ಎಡೆಯೇ ಇಲ್ಲ. 1989ರ ದೌರ್ಜನ್ಯ ತಡೆ ಕಾಯ್ದೆಯ ಪ್ರಕಾರ ಪರಿಶಿಷ್ಟ ಜಾತಿ, ಪಂಗಡದವರ ಜಮೀನನ್ನು ಅನ್ಯಾಯವಾಗಿ ಆಕ್ರಮಿಸುವುದು, ಉಳುವುದು, ಅವರನ್ನು ಅಲ್ಲಿಂದ ತೆರವು ಮಾಡಿಸುವುದು ಶಿಕ್ಷಾರ್ಹ ದೌರ್ಜನ್ಯ. ಆ ಕಾಯ್ದೆಯಡಿ ಕರ್ತವ್ಯ ಮಾಡದ ಅಧಿಕಾರಿಗೂ ಶಿಕ್ಷೆಯಿದೆ. ಹಾಗಿದ್ದೂ ದರಖಾಸ್ತು ಜಮೀನು ಕಳೆದುಕೊಂಡವರ ಮಕ್ಕಳು 1978ರ ಪಿಟಿಸಿಎಲ್ ಕಾಯ್ದೆಯಡಿ ಉಪವಿಭಾಗಾಧಿಕಾರಿಯಿಂದ ಮರುಮಂಜೂರಾತಿ ಆದೇಶ ಪಡೆದು ಹೊಲಕ್ಕೆ ಹೋದರೆ, ಅಲ್ಲಿ ಜಗಳವಾದರೆ, ಠಾಣೆಯಲ್ಲಿ ಕೇಳುವುದು ಅದೇ ಮಾತನ್ನು. ತಡವಾಗಿ ಅರ್ಜಿ ಹಾಕಿದರೆಂಬ ಕಾರಣಕ್ಕೆ ಇಂಥ ಅರ್ಜಿಗಳು ಬಿದ್ದುಹೋಗಬಾರದೆಂದು 2023ರಲ್ಲಿ ಆ ಕಾಯ್ದೆಗೆ ತಿದ್ದುಪಡಿ ತರಲಾಯಿತು. ಸಂತೋಷ. ಅದಕ್ಕಾಗಿ ವರ್ಷಗಟ್ಟಲೆ ಧರಣಿ ಕೂತವರಿಗೆ ನಮಸ್ಕಾರ. ಆದರೆ ಆದೇಶ ಸಿಕ್ಕ ಮೇಲೆ ಹೊಲದಲ್ಲಿ ಕಾಲಿಡಿಸುವವರು ಯಾರು ಎಂಬ ಪ್ರಶ್ನೆ ತಿದ್ದುಪಡಿಯ ಆಚೆಯೇ ಉಳಿದಿದೆ.

ಕೋರ್ಟಿನ ಕೈಯಲ್ಲಿ ಏನಿದೆ ಎಂಬುದನ್ನೂ ನೋಡಬೇಕು. ನಮ್ಮ ಸಿವಿಲ್ ಪ್ರಕ್ರಿಯಾ ಸಂಹಿತೆ 1908ರದ್ದು. ತಾತ್ಕಾಲಿಕ ತಡೆಯಾಜ್ಞೆಯನ್ನು ಮುರಿದವರ ಆಸ್ತಿ ಜಪ್ತಿ ಮಾಡಬಹುದು, ಮೂರು ತಿಂಗಳವರೆಗೆ ಸಿವಿಲ್ ಜೈಲಿಗೆ ಕಳಿಸಬಹುದು ಎಂದು ಅದರ 39ನೇ ಆದೇಶದ 2ಎ ನಿಯಮ ಹೇಳುತ್ತದೆ. ಓದಲು ಚೆನ್ನಾಗಿದೆ. ಆದರೆ ಅದು ಮುರಿದಾದ ಮೇಲಿನ ಮಾತು. ಅದಕ್ಕೆ ಬೇರೆ ಅರ್ಜಿ, ಎದುರುದಾರರ ತಕರಾರು, ಸಾಕ್ಷಿ, ಪಾಟೀಸವಾಲು, ವಾದ. ರಾಗಿ ಕೊಯ್ಯಲು ಒಂದು ರಾತ್ರಿ ಸಾಕು, ಕೊಯ್ದದ್ದು ತಪ್ಪು ಎಂದು ಸಾಬೀತು ಮಾಡಲು ಮೂರು ಸುಗ್ಗಿ ಬೇಕು. ಕೊನೆಯ ಡಿಕ್ರಿಯಾದ ಮೇಲೆ ಸ್ವಾಧೀನ ಕೊಡಿಸುವುದಕ್ಕೆ 21ನೇ ಆದೇಶವಿದೆ. ಕೋರ್ಟಿನ ಅಮೀನ ಅಗತ್ಯಬಿದ್ದರೆ ಬೀಗ ಮುರಿದು ಸ್ವಾಧೀನ ಕೊಡಿಸಬಹುದು, ಅಡ್ಡಿ ಮಾಡಿದವರನ್ನು ನ್ಯಾಯಾಲಯ ಮೂವತ್ತು ದಿನ ಜೈಲಿಗೆ ಹಾಕಬಹುದು. ಈ ಸಂಹಿತೆಯಲ್ಲಿ ನನಗೆ ಮರೆಯಲಾಗದ ಒಂದು ನಿಯಮವಿದೆ. ಡಿಕ್ರಿ ಜಾರಿಗಾಗಿ ಸೋತವನನ್ನು ಬಂಧಿಸಿ ಸಿವಿಲ್ ಜೈಲಿನಲ್ಲಿಡಬೇಕಾದರೆ ಅವನ ಊಟದ ಖರ್ಚನ್ನು ಗೆದ್ದವರು ಮುಂಗಡವಾಗಿ ಕೋರ್ಟಿಗೆ ಕಟ್ಟಬೇಕು. ತನ್ನ ಹೊಲದ ಬೆಳೆ ಉಂಡವನಿಗೆ ಜೈಲಿನಲ್ಲೂ ತಾನೇ ಅನ್ನ ಹಾಕಬೇಕು!

ಭಾರತದಲ್ಲಿ ದಾವೆದಾರನ ಕಷ್ಟ ಶುರುವಾಗುವುದೇ ಡಿಕ್ರಿ ಕೈಗೆ ಬಂದ ಮೇಲೆ ಎಂಬರ್ಥದ ಮಾತನ್ನು ಲಂಡನ್ನಿನ ಪ್ರಿವಿ ಕೌನ್ಸಿಲ್ 1872ರಲ್ಲಿ ಹೇಳಿತು. ನೂರೈವತ್ತು ವರ್ಷಗಳಿಂದ ಈ ಮಾತನ್ನು ನಮ್ಮ ತೀರ್ಪುಗಳಲ್ಲಿ ಮತ್ತೆ ಮತ್ತೆ ಉಲ್ಲೇಖಿಸಲಾಗುತ್ತಿದೆ. ಉಲ್ಲೇಖ ಮಾತ್ರ ಚೆನ್ನಾಗಿ ಜಾರಿಯಾಗಿದೆ. 2021ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟು ಬೆಂಗಳೂರಿನದೇ ಒಂದು ಜಮೀನಿನ ಪ್ರಕರಣದಲ್ಲಿ, ಅಮಲ್ಜಾರಿ ಅರ್ಜಿಗಳನ್ನು ಆರು ತಿಂಗಳಲ್ಲಿ ಮುಗಿಸಬೇಕು, ಡಿಕ್ರಿ ಜಾರಿಗೆ ಹೋಗುವ ಸಿಬ್ಬಂದಿಗೆ ನೆರವು ಕೊಡುವಂತೆ ಆಯಾ ಪೊಲೀಸ್ ಠಾಣೆಗೆ ನ್ಯಾಯಾಲಯ ನಿರ್ದೇಶಿಸಬಹುದು ಎಂದು ಹೇಳಿತು. ನಾಲ್ಕು ವರ್ಷವಾದ ಮೇಲೆ, 2025ರಲ್ಲಿ, ತಮಿಳುನಾಡಿನ ಇನ್ನೊಂದು ಪ್ರಕರಣದಲ್ಲಿ ಅದೇ ನ್ಯಾಯಾಲಯ ದೇಶದಲ್ಲಿ ಇಂಥ ಎಷ್ಟು ಅರ್ಜಿಗಳು ಕೊಳೆಯುತ್ತಿವೆ ಎಂದು ಎಲ್ಲ ಹೈಕೋರ್ಟುಗಳಿಂದ ಲೆಕ್ಕ ತರಿಸಿತು. ಬಂದ ಲೆಕ್ಕ 8.82 ಲಕ್ಷ. ಲೆಕ್ಕ ಕೊಡದೆ ಉಳಿದದ್ದು ಕರ್ನಾಟಕದ ಹೈಕೋರ್ಟು ಎಂದು ಸುಪ್ರೀಂ ಕೋರ್ಟು ತನ್ನ ಆದೇಶದಲ್ಲಿ ಹೆಸರಿಟ್ಟು ಬೇಸರ ವ್ಯಕ್ತಪಡಿಸಿತು. ಆರು ತಿಂಗಳ ಗಡುವಿಗೆ ಕಾರಣವಾದ ಪ್ರಕರಣ ಹೊರಟದ್ದು ನಮ್ಮ ರಾಜ್ಯದಿಂದ. ಗಡುವು ಪಾಲನೆಯಾಗಿದೆಯೇ ಎಂದು ಕೇಳಿದಾಗ ಹೆಸರು ಹಿಡಿದು ಕೂಗಿಸಿಕೊಂಡದ್ದೂ ನಮ್ಮ ರಾಜ್ಯವೇ.

ನಾನು ಹತ್ತಿರದಿಂದ ಕಂಡ ಒಂದು ಕಡತದ ಮಾತು ಹೇಳುತ್ತೇನೆ. ಹೆಸರು, ಊರು ಬೇಡ. ಇಬ್ಬರು ಅಕ್ಕತಂಗಿಯರು, ಇಬ್ಬರು ಅಣ್ಣಂದಿರು. 2005ರ ತಿದ್ದುಪಡಿಯಿಂದ ಮಗಳಿಗೂ ಮಗನಷ್ಟೇ ಹಕ್ಕು ಎಂದಾದ ಮೇಲೆ ಅಕ್ಕತಂಗಿಯರು ಪಾಲು ಕೇಳಿದರು. (ಕರ್ನಾಟಕದಲ್ಲಿ 1994ರಿಂದಲೇ ಮದುವೆಯಾಗದ ಹೆಣ್ಣುಮಕ್ಕಳಿಗೆ ಈ ಹಕ್ಕಿತ್ತು. ಇವರು ಅಷ್ಟರಲ್ಲಿ ಮದುವೆಯಾಗಿ ಹೋಗಿದ್ದರು.) ದಾವೆ, ಪ್ರಾಥಮಿಕ ಡಿಕ್ರಿ, ಮೇಲ್ಮನವಿ, ಮತ್ತೆ ಕೆಳಗಿನ ಕೋರ್ಟಿಗೆ ಬಂದು ಅಂತಿಮ ಡಿಕ್ರಿಯ ಅರ್ಜಿ. ಸರ್ವೇಯರ್ ಬಂದು ಅಳೆದು ನಕ್ಷೆ ಮಾಡಿದ್ದಾಯಿತು. ತಲಾ 1 ಎಕರೆ 12 ಗುಂಟೆ. ಇಷ್ಟಕ್ಕೆ ಹದಿನಾರು ವರ್ಷ ಹಿಡಿಯಿತು, ಆ ಹದಿನಾರು ವರ್ಷದ ಕಥೆ ಎಲ್ಲರಿಗೂ ಗೊತ್ತಿರುವಂಥದ್ದೇ. ನಾನು ಹೇಳಬೇಕೆಂದಿರುವುದು ಆಮೇಲಿನದು.

ಅಮೀನರು ಸ್ವಾಧೀನ ಕೊಡಿಸಲು ಹೋದರು. ಒಬ್ಬರೇ, ತಮ್ಮ ಸ್ಕೂಟರಿನಲ್ಲಿ. ಕೈಯಲ್ಲಿ ವಾರಂಟು, ನಕ್ಷೆಯ ನಕಲು. ಹೊಲದ ಬಳಿ ಅಣ್ಣಂದಿರ ಮಕ್ಕಳು, ಅವರ ಸ್ನೇಹಿತರು, ಒಟ್ಟು ಹದಿನೈದು ಜನ ನಿಂತಿದ್ದರು. ಯಾರೂ ಕೈ ಎತ್ತಲಿಲ್ಲ, ಕೆಟ್ಟ ಮಾತಾಡಲಿಲ್ಲ. ‘ಬನ್ನಿ ಸಾರ್, ಎಳನೀರು ಕುಡೀರಿ’ ಎಂದರು. ಎಳನೀರೂ ಆ ವಾರಂಟಿನಲ್ಲಿದ್ದ ಜಮೀನಿನದೇ. ಕುಡಿದಾದ ಮೇಲೆ ‘ಅತ್ತೆಯರು ಇಲ್ಲಿ ಕಾಲಿಟ್ಟರೆ ಏನಾಗ್ತದೋ ನಾವು ಹೇಳಕ್ಕಾಗಲ್ಲ, ಹುಡುಗರು ಬಿಸಿ ರಕ್ತ’ ಎಂದರು. ಅಮೀನರು ಅಡ್ಡಿಯ ಕಾರಣದಿಂದ ಸ್ವಾಧೀನ ಕೊಡಿಸಲಾಗಲಿಲ್ಲ ಎಂದು ವರದಿ ಬರೆದರು. ಅವರನ್ನು ನಾನು ದೂರುವುದಿಲ್ಲ. ನಿವೃತ್ತಿಗೆ ಎರಡು ವರ್ಷವಿದ್ದ ಸಕ್ಕರೆ ಕಾಯಿಲೆಯ ಮನುಷ್ಯನನ್ನು ಪ್ರಭುತ್ವದ ಏಕೈಕ ಪ್ರತಿನಿಧಿಯಾಗಿ ಆ ಬದುವಿನ ಮೇಲೆ ನಿಲ್ಲಿಸಿದ್ದು ಅವರ ತಪ್ಪಲ್ಲ.

ಅನಂತರ ಪೊಲೀಸ್ ನೆರವು ಕೋರಿ ಅರ್ಜಿ. ಅದಕ್ಕೆ ಅಣ್ಣಂದಿರ ಕಡೆಯಿಂದ ತಕರಾರು. ವಾದಕ್ಕೆ ಮೂರು ವಾಯಿದೆ, ನ್ಯಾಯಾಧೀಶರ ವರ್ಗಾವಣೆಯಿಂದ ನಾಲ್ಕು ತಿಂಗಳು. ಕೊನೆಗೆ ಅರ್ಜಿ ಮಂಜೂರಾಯಿತು. ಗೊತ್ತಾದ ದಿನ ಠಾಣೆಗೆ ಹೋದರೆ ಜಾತ್ರೆಯ ಬಂದೋಬಸ್ತು, ಸಿಬ್ಬಂದಿಯಿಲ್ಲ. ಎರಡನೆಯ ಸಲ ಸಚಿವರ ಕಾರ್ಯಕ್ರಮ. ಮೂರನೆಯ ಸಲ ಮಹಿಳಾ ಪೇದೆಗಳಿಲ್ಲ, ಎದುರು ಕಡೆ ಹೆಂಗಸರನ್ನು ಮುಂದೆ ನಿಲ್ಲಿಸಿದರೆ ನಾವೇನು ಮಾಡೋಣ ಎಂದರು. ಪ್ರತಿಸಲವೂ ವಾರಂಟಿನ ಅವಧಿ ಮುಗಿಯಿತು, ಪ್ರತಿಸಲವೂ ಹೊಸದಾಗಿ ಫೀ ಕಟ್ಟಿದರು. ದೊಡ್ಡ ಅಕ್ಕ ಒಂದು ದಿನ ಪಡಸಾಲೆಯಲ್ಲಿ ನನ್ನ ಪಕ್ಕ ಕೂತು, ‘ಜಡ್ಜು ನಮ್ಮ ಕಡೆ ಅವ್ರೆ ಮಗ, ಆದ್ರೆ ಜಡ್ಜಿನ ಕಡೆ ಯಾರೂ ಇಲ್ಲ’ ಎಂದರು. ಈ ವಿಷಯದ ಮೇಲೆ ನಾನು ಓದಿದ ಯಾವ ಪ್ರಬಂಧದಲ್ಲೂ ಇಷ್ಟು ಸ್ಪಷ್ಟವಾದ ವಾಕ್ಯವಿಲ್ಲ.

ನಮ್ಮ ಕಥೆ, ಸಿನಿಮಾಗಳಲ್ಲಿ ಕೋರ್ಟಿನ ಪ್ರಸಂಗ ತೀರ್ಪಿಗೆ ಮುಗಿದುಹೋಗುತ್ತದೆ. ಸುತ್ತಿಗೆ ಬಡಿಯುತ್ತಾರೆ (ನಮ್ಮ ಕೋರ್ಟುಗಳಲ್ಲಿ ಆ ಸುತ್ತಿಗೆ ಇರುವುದೇ ಇಲ್ಲ), ತಾಯಿ ಕಣ್ಣೊರೆಸಿಕೊಳ್ಳುತ್ತಾಳೆ, ಪರದೆ ಬೀಳುತ್ತದೆ. ತೀರ್ಪಿನ ಮಾರನೆಯ ಬೆಳಗ್ಗೆ ಆ ತಾಯಿ ಬಸ್ಸಿಳಿದು ಹೊಲದ ಕಡೆ ನಡೆದದ್ದನ್ನು ಯಾರೂ ಬರೆಯುವುದಿಲ್ಲ. ಬರೆಯುವವರಿಗೆ ನ್ಯಾಯವೆಂದರೆ ಒಂದು ಮಾತು, ಸಿಕ್ಕಿತು ಅಥವಾ ಸಿಗಲಿಲ್ಲ. ಹೊಲದವರಿಗೆ ನ್ಯಾಯವೆಂದರೆ ಬೇಲಿ ಎಲ್ಲಿ ನಿಂತಿದೆ ಎಂಬುದು.

ಪೊಲೀಸರಿಗೆ ಸಿವಿಲ್ ವ್ಯಾಜ್ಯದಲ್ಲಿ ಕೈಹಾಕಲು ನಿಜಕ್ಕೂ ಹಿಂಜರಿಕೆಯಿದೆಯೇ? ಇದ್ದಿದ್ದರೆ ಎಷ್ಟೋ ಚೆನ್ನಾಗಿತ್ತು. ಸಿವಿಲ್ ವ್ಯಾಜ್ಯಗಳಲ್ಲಿ ತಲೆಹಾಕಬೇಡಿ ಎಂದು ಹೈಕೋರ್ಟು ಪೊಲೀಸರಿಗೆ ಎಷ್ಟು ಬಾರಿ ಛೀಮಾರಿ ಹಾಕಿದೆಯೆಂದು ಪತ್ರಿಕೆ ಓದುವವರಿಗೆಲ್ಲ ಗೊತ್ತು. ಛೀಮಾರಿ ಬೇಕಾದದ್ದು ಅವರು ತಲೆಹಾಕುತ್ತಿದ್ದಾರೆಂಬ ಕಾರಣಕ್ಕೇ ತಾನೆ? ಬೆಂಗಳೂರಿನ ಸುತ್ತಮುತ್ತ ಎಕರೆಗೆ ಕೋಟಿ ಬೆಲೆಯಾದ ಮೇಲೆ ಠಾಣೆಯಲ್ಲಿ ಕೂರಿಸಿ ‘ರಾಜಿ’ ಮಾಡಿಸುವುದು, ಸಹಿ ಹಾಕಿಸುವುದು, ರಾತ್ರೋರಾತ್ರಿ ಕಾಂಪೌಂಡು ಎದ್ದಾಗ ಜೀಪು ಅಲ್ಲೇ ನಿಂತಿರುವುದು ಯಾರಿಗೂ ಹೊಸ ಸಂಗತಿಯಲ್ಲ. ಆಗ ಅದು ಸಿವಿಲ್ ಮ್ಯಾಟರಲ್ಲ, ‘ಶಾಂತಿ ಸುವ್ಯವಸ್ಥೆ’ಯ ಮ್ಯಾಟರು. ಅದಕ್ಕೆ ಬೇಕಾದ ಕಲಮುಗಳೂ ಇವೆ. ಸ್ವಾಧೀನದ ಜಗಳದಿಂದ ಶಾಂತಿಭಂಗವಾಗುವಂತಿದ್ದರೆ ತಹಶೀಲ್ದಾರರ ಮುಂದೆ ಒಯ್ಯಲು ಮೊದಲು 145 ಎನ್ನುತ್ತಿದ್ದ, ಈಗ ನಾಗರಿಕ ಸುರಕ್ಷಾ ಸಂಹಿತೆಯ 164ನೇ ಕಲಮು ಇದೆ. ಬೇಕಾದವರಿಗೆ ಆ ಕಲಮು ಸರಸರನೆ ತೆರೆಯುತ್ತದೆ. ಬೇಡವಾದವರಿಗೆ ಠಾಣೆಯ ಇಡೀ ಕಾನೂನು ಪುಸ್ತಕ ಒಂದೇ ವಾಕ್ಯಕ್ಕಿಳಿಯುತ್ತದೆ.

ಅಂದರೆ ‘ಸಿವಿಲ್ ಮ್ಯಾಟರು’ ಎನ್ನುವುದು ಕಾನೂನಿನ ಮಿತಿಯ ವಿವರಣೆಯಲ್ಲ. ಅದು ವಿವೇಚನೆಯ ಅಧಿಕಾರ. ಯಾರಿಗೆ ಅದನ್ನು ಹೇಳಬೇಕು, ಯಾರಿಗೆ ಕುರ್ಚಿ ಎಳೆದುಹಾಕಿ ಕಾಫಿ ತರಿಸಬೇಕು ಎಂದು ತೀರ್ಮಾನಿಸುವ ಅಧಿಕಾರ. ನನ್ನ ವಾದವೆಲ್ಲ ಆ ಅಧಿಕಾರವನ್ನು ಕಿತ್ತುಕೊಳ್ಳಬೇಕೆಂಬುದು. ಪೊಲೀಸರಿಗೆ ಹೆಚ್ಚು ಅಧಿಕಾರ ಕೊಡಿ ಎಂದು ನಾನು ಕೇಳುತ್ತಿಲ್ಲ. ನ್ಯಾಯಾಲಯದ ಆದೇಶ ಎದುರಿಗಿರುವಾಗ ‘ಆಗುವುದಿಲ್ಲ’ ಎನ್ನುವ ಅಧಿಕಾರವನ್ನೂ, ಆದೇಶವೇ ಇಲ್ಲದಾಗ ಮೂಗು ತೂರಿಸುವ ಅಧಿಕಾರವನ್ನೂ ಒಟ್ಟಿಗೇ ಕಡಿಮೆ ಮಾಡಿ ಎನ್ನುತ್ತಿದ್ದೇನೆ.

ಇದನ್ನು ಹೇಳಿದಾಗ ಎರಡು ಕಡೆಯಿಂದ ತಕರಾರು ಬರುತ್ತದೆ. ಮೊದಲನೆಯದು ವಕೀಲ ಮಿತ್ರರದು, ಗಟ್ಟಿಯಾದ ತಕರಾರು. ತಡೆಯಾಜ್ಞೆಗಳಲ್ಲಿ ಎಷ್ಟೋ ಏಕಪಕ್ಷೀಯ, ಎದುರಿನವರಿಗೆ ನೋಟಿಸೂ ಹೋಗಿರುವುದಿಲ್ಲ. ನಕಲಿ ಪಹಣಿ, ತಪ್ಪು ಚಕ್ಕುಬಂದಿ ಹಾಕಿ, ಸ್ವಾಧೀನದಲ್ಲಿ ಇಲ್ಲದವನು ಇದ್ದೇನೆಂದು ಹೇಳಿ ಆದೇಶ ತರುತ್ತಾನೆ. ಅದರ ಹಿಂದೆ ಪೊಲೀಸರನ್ನು ಕಳಿಸಿದರೆ ನಿಜವಾಗಿ ಉಳುತ್ತಿರುವವನೇ ಬೀದಿಗೆ ಬೀಳುತ್ತಾನೆ. ಈ ಭಯ ನ್ಯಾಯವಾದದ್ದು. ಸುಪ್ರೀಂ ಕೋರ್ಟು 2006ರ ಎರಡು ತೀರ್ಪುಗಳಲ್ಲಿ ಇದರ ಎರಡೂ ಬದಿಗಳನ್ನು ಮುಟ್ಟಿದೆ. ಒಂದರಲ್ಲಿ, ಹಕ್ಕು ಇನ್ನೂ ತೀರ್ಮಾನವಾಗಿರದ ವ್ಯಾಜ್ಯದಲ್ಲಿ ಪೊಲೀಸ್ ರಕ್ಷಣೆಯ ನೆಪದಿಂದ ರಿಟ್ ಅರ್ಜಿ ಹಾಕಿ ಹಕ್ಕನ್ನು ಹಿಂಬಾಗಿಲಿನಿಂದ ಪಡೆಯುವಂತಿಲ್ಲ, ಸಿವಿಲ್ ಕೋರ್ಟಿಗೇ ಹೋಗಬೇಕು ಎಂದಿತು. ಇನ್ನೊಂದರಲ್ಲಿ, ಆ ಸಿವಿಲ್ ಕೋರ್ಟಿಗೆ ತನ್ನ ಆದೇಶದ ಪಾಲನೆಗಾಗಿ 151ನೇ ಕಲಮಿನ ಅಂತರ್ಗತ ಅಧಿಕಾರದಿಂದ ಪೊಲೀಸ್ ನೆರವು ಕೊಡಿಸುವ ಶಕ್ತಿಯಿದೆ ಎಂದಿತು. ಎರಡನ್ನೂ ಸೇರಿಸಿ ಓದಿದರೆ ದಾರಿ ಕಾಣುತ್ತದೆ: ಪೊಲೀಸರನ್ನು ಕಳಿಸಬೇಕಾದದ್ದು ಸಿವಿಲ್ ನ್ಯಾಯಾಧೀಶರು, ಎರಡೂ ಕಡೆ ಕೇಳಿದ ಮೇಲೆ, ಬರವಣಿಗೆಯಲ್ಲಿ. ಏಕಪಕ್ಷೀಯ ಆದೇಶದ ಬಗ್ಗೆ ವಕೀಲರ ಎಚ್ಚರಿಕೆಯನ್ನು ನಾನು ಪೂರ್ತಿ ಒಪ್ಪುತ್ತೇನೆ. ಆದರೆ ಮೇಲ್ಮನವಿಯನ್ನೂ ದಾಟಿ ಬಂದ ಅಂತಿಮ ಡಿಕ್ರಿಗೂ ಅದೇ ಎಚ್ಚರಿಕೆಯ ಮಾತನ್ನು ಹೊದಿಸುವುದು ಎಚ್ಚರಿಕೆಯಲ್ಲ, ಕಾಲಹರಣ. ಅದರಲ್ಲಿ ಫೀಸಿನ ಪಾಲೂ ಇದೆ ಎಂದರೆ ಮಿತ್ರರು ಮುನಿಸಿಕೊಳ್ಳಬಾರದು.

ಎರಡನೆಯ ತಕರಾರು ನನ್ನದೇ ಬಳಗದ್ದು. ಹಾಸ್ಟೆಲ್ಲಿನಲ್ಲಿ, ಕ್ಯಾಂಟೀನಿನಲ್ಲಿ, ಧರಣಿಗಳಲ್ಲಿ ಜೊತೆಗಿರುವವರು ಕೇಳುತ್ತಾರೆ: ಲಾಠಿಯನ್ನು ಹೊಲಕ್ಕೆ ಕರೆಯುತ್ತಿದ್ದೀಯಾ? ಕೋರ್ಟಿನ ಆದೇಶ ಮತ್ತು ಪೊಲೀಸ್ ಪಡೆ ಒಟ್ಟಿಗೆ ಬಂದಾಗ ಬಡವರಿಗೆ ಏನಾಗುತ್ತದೆ ಗೊತ್ತಿಲ್ಲವೇ? ಗೊತ್ತಿದೆ. 2013ರ ಜನವರಿಯಲ್ಲಿ ಬೆಂಗಳೂರಿನ ಈಜಿಪುರದಲ್ಲಿ ಆರ್ಥಿಕವಾಗಿ ದುರ್ಬಲರಾದವರ ವಸತಿ ಸಮುಚ್ಚಯದ ಜಾಗದಿಂದ ಸಾವಿರಕ್ಕೂ ಹೆಚ್ಚು ಕುಟುಂಬಗಳನ್ನು ಪೊಲೀಸರನ್ನಿಟ್ಟುಕೊಂಡು ಎಬ್ಬಿಸಿದಾಗ ಅದರ ಹಿಂದೆ ಹೈಕೋರ್ಟಿನ ಆದೇಶವಿತ್ತು. ಆದರೆ ಈ ಉದಾಹರಣೆ ನನ್ನ ವಾದವನ್ನು ಮುರಿಯುವುದಿಲ್ಲ, ಅದಕ್ಕೆ ಬಲ ಕೊಡುತ್ತದೆ. ಅಂದು ಸಿಬ್ಬಂದಿಯ ಕೊರತೆ ಇರಲಿಲ್ಲ. ಮಹಿಳಾ ಪೊಲೀಸರು ಸಿಕ್ಕರು, ಜೆಸಿಬಿ ಸಿಕ್ಕಿತು. ಒಂದು ಬಡಾವಣೆಯನ್ನೇ ಖಾಲಿ ಮಾಡಿಸಲು ಪಡೆ ಹೊಂದಿಸಬಲ್ಲ ಸರ್ಕಾರಕ್ಕೆ, 1 ಎಕರೆ 12 ಗುಂಟೆಯ ಬದುವಿನ ಮೇಲೆ ಅರ್ಧ ದಿನ ನಿಲ್ಲಲು ನಾಲ್ಕು ಜನ ಇಲ್ಲವೇ?

ಬಳಗದವರ ವಾದದಲ್ಲಿ ನನಗೆ ಒಪ್ಪಿಗೆಯಾಗದ್ದು ಇನ್ನೂ ಒಂದಿದೆ. ಪೊಲೀಸರು ಬಾರದಿದ್ದರೆ ಹೊಲದಲ್ಲಿ ಬಲಪ್ರಯೋಗ ಇರುವುದಿಲ್ಲ ಎಂದು ಅವರು ಅಂದುಕೊಂಡಂತಿದೆ. ಬಲಪ್ರಯೋಗ ಅಲ್ಲಿ ಆಗಲೇ ಇದೆ. ಎಳನೀರು ಕೊಟ್ಟ ಹದಿನೈದು ಜನ ಬಲಪ್ರಯೋಗವಲ್ಲದೆ ಮತ್ತೇನು? ಖಾಸಗಿ ಬಲ ಸದ್ದಿಲ್ಲದೆ ಕೆಲಸ ಮಾಡುತ್ತದೆ ಎಂಬ ಕಾರಣಕ್ಕೆ ಅದನ್ನು ಶಾಂತಿ ಎಂದು ಕರೆಯಲು ನಾನು ಸಿದ್ಧಳಿಲ್ಲ. ಆ ಬಲವನ್ನು ಪ್ರಶ್ನೆ ಮಾಡಲು ಯಾವ ಆಯೋಗವೂ ಇಲ್ಲ, ಅದಕ್ಕೆ ಸಮವಸ್ತ್ರವಿಲ್ಲ, ಎದೆಯ ಮೇಲೆ ಹೆಸರಿನ ಪಟ್ಟಿಯಿಲ್ಲ. ಪೊಲೀಸರ ಬಲವನ್ನಾದರೂ ಆದೇಶದ ಪಠ್ಯಕ್ಕೆ ಕಟ್ಟಿಹಾಕಬಹುದು, ಮೀರಿದರೆ ಪ್ರಶ್ನಿಸಬಹುದು. ಕಷ್ಟ, ಆದರೆ ಸಾಧ್ಯ. ಅಣ್ಣನ ಬಲವನ್ನು ತಂಗಿ ಯಾವ ಕಚೇರಿಯಲ್ಲಿ ಪ್ರಶ್ನಿಸಬೇಕು? ಅಷ್ಟಕ್ಕೂ ಆಸ್ತಿ ಎಂದರೆ ಬಂಡವಾಳಶಾಹಿಯ ವಿಷಯ ಎಂದು ಮೂಗು ಮುರಿಯುವ ಗೆಳೆಯರಲ್ಲಿ ಹೆಚ್ಚಿನವರು ಗಂಡುಮಕ್ಕಳು, ಊರಲ್ಲಿ ಅವರ ಪಾಲು ಭದ್ರವಾಗಿದೆ ಎಂಬುದನ್ನೂ ಗಮನಿಸಿದ್ದೇನೆ.

ಹಾಗಾದರೆ ಏನಾಗಬೇಕು? ಹೊಸ ಕಾಯ್ದೆ ಬೇಕೆಂದು ನನಗನ್ನಿಸುವುದಿಲ್ಲ. ಸ್ವಾಧೀನದ ವಾರಂಟು ಹೊರಡಿಸುವಾಗಲೇ ಅಮೀನರ ಜೊತೆ ಪೊಲೀಸರು ಇರತಕ್ಕದ್ದು ಎಂದು ಅದೇ ಹಾಳೆಯಲ್ಲಿ ಬರೆಯುವುದನ್ನು ತಡೆಯುವ ನಿಯಮ ನನಗೆಲ್ಲೂ ಕಂಡಿಲ್ಲ. ಅಡ್ಡಿಯಾಗುತ್ತದೆಂದು ಎಲ್ಲರಿಗೂ ಮೊದಲೇ ತಿಳಿದಿರುವಾಗ, ಒಬ್ಬರೇ ಹೋಗಿ, ಅಡ್ಡಿ ಮಾಡಿಸಿಕೊಂಡು, ವರದಿ ಬರೆದು, ಆಮೇಲೆ ಬೇರೆ ಅರ್ಜಿ ಹಾಕಿಸುವ ಈ ವಿಧಿ ಯಾರ ಸಮಾಧಾನಕ್ಕೆ? ಆದೇಶ ಕಳಿಸಬೇಕಾದದ್ದು ಕೋರ್ಟಿನ ಟಪಾಲಿನಲ್ಲಿ ಠಾಣೆಗೆ, ಗೆದ್ದವಳ ಪ್ಲಾಸ್ಟಿಕ್ ಕವರಿನಲ್ಲಲ್ಲ. ಆದೇಶ ಅವಳದಲ್ಲ, ನ್ಯಾಯಾಲಯದ್ದು. ಅದನ್ನು ಹೊತ್ತು ತಿರುಗುವ ಕೆಲಸ ಅವಳಿಗೆ ಬಿದ್ದ ಕೂಡಲೇ ಅದು ಅವಳ ಬೇಡಿಕೆಯಾಗಿಬಿಡುತ್ತದೆ, ಬೇಡಿಕೆಯನ್ನು ನಿರಾಕರಿಸುವುದು ಸುಲಭ. ಬರಲಾಗದಿದ್ದರೆ ಠಾಣಾಧಿಕಾರಿ ಯಾಕೆ ಬರಲಾಗಲಿಲ್ಲ ಎಂದು ನ್ಯಾಯಾಲಯಕ್ಕೆ ತಾನೇ ಬರೆದು ಕೊಡಬೇಕು, ಮುಂದಿನ ದಿನಾಂಕವನ್ನೂ ಅದರಲ್ಲೇ ಹೇಳಬೇಕು. ಜಾತ್ರೆ, ಸಚಿವರು, ಎಲ್ಲ ಇರಲಿ, ಆದರೆ ಕಾಗದದ ಮೇಲೆ ಇರಲಿ. ಸ್ಥಳದಲ್ಲಿ ಸರ್ವೇ ನಕ್ಷೆ, ನಕ್ಷೆಯಂತೆ ನೆಟ್ಟ ಕಲ್ಲು, ಇಡೀ ಪ್ರಕ್ರಿಯೆಯ ವಿಡಿಯೊ. ನಕ್ಷೆಯಿಂದ ಒಂದು ಗೇಣು ಆಚೆ ಹೋದರೂ ಎದುರು ಕಡೆಯವರಿಗೆ ಅದೇ ವಿಡಿಯೊ ಸಾಕ್ಷಿಯಾಗಬೇಕು. ಬೆಳೆ ನಿಂತಿದ್ದರೆ, ಹಕ್ಕಿನ ಪ್ರಶ್ನೆ ಇನ್ನೂ ಬಾಕಿಯಿದ್ದರೆ, ರಿಸೀವರ್ ನೇಮಿಸಿ ಬೆಳೆಯ ಹಣವನ್ನು ಕೋರ್ಟಿನಲ್ಲಿಡುವ ಅವಕಾಶ ಅದೇ ಹಳೆಯ ಸಂಹಿತೆಯ 40ನೇ ಆದೇಶದಲ್ಲಿದೆ. ನಾನು ನೋಡಿದ ಕಡತಗಳಲ್ಲಿ ಅದನ್ನು ಯಾರೂ ಕೇಳಿಲ್ಲ, ಯಾರೂ ಕೊಟ್ಟಿಲ್ಲ.

ಪೊಲೀಸರಲ್ಲೂ ಹೇಳಿಕೊಳ್ಳುವುದು ಇದ್ದೇ ಇದೆ. ಒಬ್ಬ ಎಎಸ್ಐ ನನ್ನೊಡನೆ ಮಾತಾಡುತ್ತ, ‘ನಾವು ಹೋದ್ರೆ ಒಂದು ಕಡೆಯವರು ದುಡ್ಡು ತಗೊಂಡ ಅಂತಾರೆ, ಹೋಗದಿದ್ರೆ ಇನ್ನೊಂದು ಕಡೆಯವರು ದುಡ್ಡು ತಗೊಂಡ ಅಂತಾರೆ’ ಎಂದರು. ನಕ್ಕೆವು. ಆದರೆ ಅವರ ಮಾತು ನನ್ನ ಮಾತೇ. ಹೋಗಬೇಕೋ ಬೇಡವೋ ಎಂಬುದು ಅವರ ಇಷ್ಟಕ್ಕೆ ಬಿಟ್ಟಿರುವವರೆಗೆ ಆ ಇಷ್ಟಕ್ಕೆ ಬೆಲೆ ಇದ್ದೇ ಇರುತ್ತದೆ, ಕೊಂಡರೂ, ಕೊಳ್ಳದಿದ್ದರೂ.

ಈ ಪತ್ರಿಕೆ ಓದುವ ವಿದ್ಯಾರ್ಥಿಗಳಿಗೆ ಒಂದು ಕೆಲಸ ಹೇಳುತ್ತೇನೆ. ನಿಮ್ಮ ಊರಿನ ನ್ಯಾಯಾಲಯದ ಪ್ರಕರಣಗಳ ಸ್ಥಿತಿಗತಿ ಇ-ಕೋರ್ಟ್ಸ್ ಜಾಲತಾಣದಲ್ಲಿ ಯಾರು ಬೇಕಾದರೂ ನೋಡುವಂತಿದೆ. ಅಮಲ್ಜಾರಿ ಅರ್ಜಿಗಳ ಪಟ್ಟಿ ತೆಗೆಯಿರಿ. ಒಂದೊಂದರಲ್ಲೂ ವಾಯಿದೆಗಳು ಯಾಕೆ ಮುಂದಕ್ಕೆ ಹೋಗಿವೆ ಎಂದು ಒಂದು ಸಾಲಿನಲ್ಲಿ ಬರೆದಿರುತ್ತದೆ. ‘ಅಮೀನರ ವರದಿಗಾಗಿ’, ‘ಅಡ್ಡಿ’, ‘ಪೊಲೀಸ್ ನೆರವಿನ ಅರ್ಜಿಗೆ ತಕರಾರು’, ‘ಹೊಸ ವಾರಂಟಿಗೆ ಫೀ’ ಎಂಬರ್ಥದ ಸಾಲುಗಳನ್ನು ಎಣಿಸುತ್ತ ಹೋಗಿ. ದೆಹಲಿ ಕೇಳಿದಾಗ ನಮ್ಮ ರಾಜ್ಯ ಕೊಡದ ಲೆಕ್ಕ ಅಲ್ಲಿ ತಾಲ್ಲೂಕುವಾರು ಬಿದ್ದಿದೆ. ನಾನು ಒಂದು ತಾಲ್ಲೂಕಿನದನ್ನು ಎಣಿಸುತ್ತಿದ್ದೇನೆ, ಇನ್ನೂ ಅರ್ಧ ರಿಜಿಸ್ಟರು ಬಾಕಿಯಿದೆ.